ಒಂಟೆಯ ಡುಬ್ಬದಲ್ಲಿ ನೀರಿರುತ್ತದೆಯೇ?

ಪ್ರಶ್ನೆ: ಒಂಟೆ ಡುಬ್ಬದಲ್ಲಿ ನೀರು ತುಂಬಿಕೊಂಡು ಮರುಭೂಮಿ ದಾಟುತ್ತದೆ ಎಂದು ಚಿಕ್ಕಂದಿನಲ್ಲಿ ಕೇಳಿದ್ದೆ. ಅದು ಸುಳ್ಳು ಎನ್ನುತ್ತಾಳೆ ಮಗಳು. ಯಾರ ಮಾತು ಸರಿ?

ಉತ್ತರ: ಮಗಳದೇ ಸರಿ. ಡುಬ್ಬದೊಳಗೆ ಇರುವುದು ಕೊಬ್ಬು. ಮೇವು ಸಿಗದ ದಿನಗಳಲ್ಲಿ ಒಂಟೆ ಅದನ್ನು ಕರಗಿಸಿಕೊಂಡು ಬದುಕುತ್ತದೆ. ಡುಬ್ಬ ಸೊರಗಿ ಒಂದು ಕಡೆಗೆ ವಾಲಿದೆಯೆಂದರೆ ಆ ಒಂಟೆ ಹೊಟ್ಟೆಗಿಲ್ಲದೆ ಬಳಲಿದೆ ಎಂದು ತಿಳಿಯಬೇಕು.

ಕೊಬ್ಬು ಕರಗಿದಾಗ ನೀರೂ ಹುಟ್ಟುತ್ತದಲ್ಲ ಎಂದು ಕೇಳುವವರಿದ್ದಾರೆ. ಹೌದು, 1 ಗ್ರಾಂ ಕೊಬ್ಬಿನಿಂದ 1 ಗ್ರಾಂಗಿಂತ ತುಸು ಹೆಚ್ಚೇ ನೀರು ಬರುತ್ತದೆ. ಆದರೆ ಅದಕ್ಕೆ ಆಮ್ಲಜನಕ ಬೇಕು, ಉಸಿರಾಡಬೇಕು. ಆ ಒಣ ಗಾಳಿ ಉಸಿರಿನ ಜೊತೆ ತೇವವನ್ನೂ ಎಳೆದುಕೊಂಡು ಹೋಗುತ್ತದೆ. ಬಂದದ್ದು ಹೋದದ್ದಕ್ಕೇ ಸರಿಯಾಗುತ್ತದೆ.

ಹಾಗಾದರೆ ನೀರೆಲ್ಲಿಂದ? ಎಲ್ಲಿಂದಲೂ ಇಲ್ಲ. ಇದ್ದ ನೀರನ್ನು ಖರ್ಚು ಮಾಡುವುದರಲ್ಲಿ ಒಂಟೆ ಮಹಾ ಜಿಪುಣ. ನಾರ್ವೆ ಮೂಲದ ಶರೀರಶಾಸ್ತ್ರಜ್ಞ ಕ್ನೂಟ್ ಶ್ಮಿಟ್-ನೀಲ್ಸನ್ 1950ರ ದಶಕದಲ್ಲಿ ಅಲ್ಜೀರಿಯಾದ ಬೆನಿ ಅಬ್ಬೆಸ್ ಎಂಬ ಓಯಸಿಸ್‌ನಲ್ಲಿ ಕೂತು ಈ ಜಿಪುಣತನದ ಲೆಕ್ಕ ತೆಗೆದ. ನಮಗೆ ಮೈ ಬಿಸಿ ಎರಡು ಡಿಗ್ರಿ ಏರಿದರೆ ಜ್ವರ. ನೀರು ಸಿಗದ ಒಂಟೆಯ ಮೈಯಾದರೋ ಬೆಳಗಿನ ಜಾವ 34 ಡಿಗ್ರಿ ಸೆಲ್ಸಿಯಸ್‌ಗೆ ಇಳಿದು, ಇಳಿಹೊತ್ತಿಗೆ 41ರವರೆಗೂ ಏರಬಹುದು. ಹಗಲಿನ ಶಾಖವನ್ನು ಬೆವರಿ ಕಳೆಯುವ ಬದಲು ಮೈಯಲ್ಲೇ ಹೊತ್ತುಕೊಂಡಿದ್ದು, ರಾತ್ರಿಯ ತಂಪಿನಲ್ಲಿ ಪುಕ್ಕಟೆಯಾಗಿ ಬಿಟ್ಟುಬಿಡುತ್ತದೆ. 500 ಕಿಲೋ ತೂಗುವ ಒಂಟೆಗೆ ಇದರಿಂದ ದಿನಕ್ಕೆ ನಾಲ್ಕೈದು ಲೀಟರ್ ಬೆವರು ಉಳಿತಾಯ.

ನನಗೆ ಹೆಚ್ಚು ಸೋಜಿಗವೆನಿಸುವುದು ಅದರ ಉಣ್ಣೆ. ಅಂಥ ಸೆಕೆಯಲ್ಲಿ ಕಂಬಳಿ ಹೊದ್ದಂತಲ್ಲವೇ ಅದು? ಅಲ್ಲಿ ಹೊರಗಿನ ಗಾಳಿಯೇ ಮೈಗಿಂತ ಬಿಸಿ. ಉಣ್ಣೆ ಆ ಬಿಸಿ ಒಳಗೆ ನುಗ್ಗದಂತೆ ತಡೆಯುತ್ತದೆ. ಶ್ಮಿಟ್-ನೀಲ್ಸನ್ ಒಂದು ಒಂಟೆಯ ಉಣ್ಣೆ ಬೋಳಿಸಿ ನೋಡಿದಾಗ ಅದರ ನೀರಿನ ಖರ್ಚು ಒಂದೂವರೆ ಪಟ್ಟಾಯಿತು. ಕೊಬ್ಬೆಲ್ಲ ಬೆನ್ನ ಮೇಲೊಂದೇ ಕಡೆ ಗುಡ್ಡೆ ಬಿದ್ದಿರುವುದರಿಂದ ಮಿಕ್ಕ ಮೈ ರಾತ್ರಿ ಸಲೀಸಾಗಿ ಆರುತ್ತದೆ. ಡುಬ್ಬದಿಂದ ನೀರಿಗೆ ಆಗುವ ಉಪಕಾರ ಇಷ್ಟೇ.

ಮೂತ್ರ ಗಟ್ಟಿ, ಹಿಕ್ಕೆ ಒಣಕಲು, ಅದನ್ನು ಒಲೆಗೆ ಹಾಕುತ್ತಾರೆ. ದೇಹತೂಕದ ಕಾಲುಭಾಗದಷ್ಟು ನೀರು ಹೋದರೂ ಒಂಟೆ ನಿಂತಿರುತ್ತದೆ. ಅದರ ಅರ್ಧದಷ್ಟು ಕಳೆದುಕೊಂಡರೆ ಆ ಬಿಸಿಲಿನಲ್ಲಿ ಮನುಷ್ಯ ಉಳಿಯುವುದಿಲ್ಲ. ಕೊನೆಗೆ ನೀರು ಸಿಕ್ಕಿದಾಗ ಹತ್ತು ಹದಿನೈದು ನಿಮಿಷದಲ್ಲಿ ನೂರು ಲೀಟರ್ ಹೀರಿಬಿಡಬಹುದು. ಬೇರೆ ಪ್ರಾಣಿಯಾದರೆ ಕೆಂಪು ರಕ್ತಕಣಗಳು ಉಬ್ಬಿ ಒಡೆದಾವು. ಒಂಟೆಯ ಅಂಡಾಕಾರದ ಕಣಗಳು ಎರಡು ಪಟ್ಟು ಊದಿದರೂ ತಾಳಿಕೊಳ್ಳುತ್ತವೆ.

ಗಿಡಮರಗಳ ದಾರಿ ಬೇರೆ. ನಾವು ವಿಜಯದಶಮಿಗೆ ಬಂಗಾರವೆಂದು ಎಲೆ ಹಂಚಿಕೊಳ್ಳುವ ಬನ್ನಿ ಮರವೇ ಥಾರ್ ಮರುಭೂಮಿಯ ಖೇಜ್ಡಿ, ರಾಜಸ್ಥಾನದ ರಾಜ್ಯವೃಕ್ಷ. ಅದು ಜಿಪುಣತನಕ್ಕಿಂತ ಆಳ ತೋಡುವುದನ್ನು ನಂಬಿದೆ: ಬೇರನ್ನು ಹತ್ತಾರು ಮೀಟರ್ ಕೆಳಕ್ಕಿಳಿಸಿ, ಮಳೆಗೆ ಮುಂಚಿನ ಉರಿಬೇಸಿಗೆಯಲ್ಲೇ ಚಿಗುರುತ್ತದೆ. ಅದರ ಎಲೆ ಒಂಟೆಗೆ ಬಲು ಇಷ್ಟ. ಹಸಿ ಮೇವಿನಲ್ಲಿರುವ ತೇವವೂ ಅದಕ್ಕೆ ನೀರೇ ತಾನೆ. ಸಹಾರಾದ ಚಳಿಗಾಲದಲ್ಲಿ ಹಸಿರು ಮೇಯುವ ಒಂಟೆಗಳು ವಾರಗಟ್ಟಲೆ ನೀರಿನ ತಂಟೆಗೇ ಹೋಗುವುದಿಲ್ಲ. ಎದುರಿಗೆ ತಂದಿಟ್ಟರೂ ಮುಖ ತಿರುಗಿಸಿಬಿಡುತ್ತವೆ.