ಧಾರವಾಡಕ್ಕೆ ಹೋದವರು, ಕ್ಯಾಮೆರಾಕ್ಕೆ ಸಿಕ್ಕವರು

ಬಾಗಲಕೋಟೆ ಕಡೆ ಒಂದು ಮಾತಿದೆ: ‘ಇವನ್ನ ಧಾರವಾಡಕ್ಕ ಕಳಸ್ಬೇಕು ನೋಡ್ರಿ.’ ಫೇಡೆ ತರೋಕಲ್ಲ ಅಂತ ಎಲ್ಲರಿಗೂ ಗೊತ್ತು. ಅಲ್ಲಿನ ಮಾನಸಿಕ ಆಸ್ಪತ್ರೆ, ಈಗಿನ ಡಿಮ್ಹಾನ್ಸ್, ಶುರುವಾಗಿದ್ದು 1845ರಲ್ಲಿ. ಬೆಳಗಾವಿ, ವಿಜಯಪುರದಲ್ಲೂ ಎಷ್ಟೋ ಜನರಿಗೆ ಅದು ಆಸ್ಪತ್ರೆಗಿಂತ ಮೊದಲು ಬೈಗುಳವಾಗಿಯೇ ಪರಿಚಯ. ಒಳಗೆ ಹೋದವರು ಹೇಗಿದ್ದಾರೆ ಅಂತ ಕೇಳೋರು ಕಡಿಮೆ.

ಇಂಥ ಗೋಡೆಗಳ ಒಳಗೆ ಕ್ಯಾಮೆರಾ ಹೊಕ್ಕ ಕಥೆಯಲ್ಲಿ ಒಂದು ಹೆಸರು ತಪ್ಪಿಸೋಕೆ ಆಗಲ್ಲ: ಸಾಕ್ಷ್ಯಚಿತ್ರ ನಿರ್ದೇಶಕ ಫ್ರೆಡರಿಕ್ ವೈಸ್‌ಮನ್. ಓದಿದ್ದು ಕಾನೂನು. ಅಮೆರಿಕದ ಮ್ಯಾಸಚೂಸೆಟ್ಸ್‌ನ ಬ್ರಿಜ್‌ವಾಟರ್‌ನಲ್ಲಿ ಜೈಲಿನಂಥ ಒಂದು ಮಾನಸಿಕ ಆಸ್ಪತ್ರೆಯಿತ್ತು. 1966ರಲ್ಲಿ ಅಲ್ಲಿ ಅವರು ಕಂಡಿದ್ದನ್ನು ಕಂಡ ಹಾಗೇ ತೆಗೆದರು. ಬರೀ ಕೋಣೆಯಲ್ಲಿ ಬೆತ್ತಲೆ ನಿಂತ ಮನುಷ್ಯ. ಅವನನ್ನು ಕೆಣಕಿ ಮಜಾ ತಗೊಳ್ಳುವ ಕಾವಲುಗಾರರು. ಊಟ ಬಿಟ್ಟವನ ಮೂಗಿಗೆ ನಳಿಕೆ ಹಾಕಿ ಗಂಜಿ ಸುರಿಯುವ ಡಾಕ್ಟರು, ಬಾಯಲ್ಲಿ ಸಿಗರೇಟು. ವಿವರಿಸುವ ದನಿಯೇ ಇಲ್ಲ.

1967ರಲ್ಲಿ ಆ ಚಿತ್ರ, ‘ಟಿಟಿಕಟ್ ಫಾಲೀಸ್’, ಬಂತು. ರೋಗಿಗಳ ಮಾನ ಹೋಯಿತು ಅಂತ ಸರ್ಕಾರ ಕೋರ್ಟಿಗೆ ಹೋಯಿತು! ಅದಕ್ಕೂ ಮುಂಚೆ ಆ ಮಾನ ಎಲ್ಲಿತ್ತೋ. ಜನಸಾಮಾನ್ಯರು ನೋಡೋಕೆ ತಡೆ ತೆರವಾಗಿದ್ದು 1991ರಲ್ಲಿ. ಸರ್ಕಾರದ್ದು ನೆಪವೇ ಇರಬಹುದು, ಆದರೆ ಪ್ರಶ್ನೆ ಖೊಟ್ಟಿಯಲ್ಲ. ಬೆತ್ತಲೆ ನಿಂತವನಿಗೆ ‘ಬೇಡ’ ಅನ್ನುವ ಶಕ್ತಿ ಇತ್ತಾ?

ಇಟಲಿಯಲ್ಲಿ ದಾರಿ ಬೇರೆಯಾಯಿತು. ಗೊರಿಜಿಯಾದ ಆಸ್ಪತ್ರೆಯಲ್ಲಿ ಡಾಕ್ಟರ್ ಫ್ರಾಂಕೊ ಬಸಾಲಿಯಾ ಬೀಗ ತೆಗೆಸಿದ್ದರು. 1968ರಲ್ಲಿ ಅಲ್ಲಿಗೆ ಹೋದ ಟಿವಿ ಪತ್ರಕರ್ತ ಸೆರ್ಜಿಯೊ ಜವೋಲಿ ರೋಗಿಗಳ ಮುಂದೆಯೇ ಮೈಕ್ ಹಿಡಿದರು. ಹತ್ತು ವರ್ಷಕ್ಕೆ, ಹುಚ್ಚಾಸ್ಪತ್ರೆಗಳನ್ನೇ ಮುಚ್ಚುತ್ತಾ ಹೋಗುವ ಕಾನೂನು ಬಂತು. ಒಂದು ಟಿವಿ ಚಿತ್ರದಿಂದಲೇ ಆಯಿತು ಅಂದರೆ ಜಾಸ್ತಿಯಾಗುತ್ತೆ. ಆದರೆ ಒಳಗಿನವರ ಮಾತು ಮನೆಮನೆಗೆ ಕೇಳಿಸಿದ್ದು ಸಣ್ಣದಲ್ಲ. 2023ರಲ್ಲಿ ಬರ್ಲಿನ್ ಚಿತ್ರೋತ್ಸವದ ದೊಡ್ಡ ಪ್ರಶಸ್ತಿ ‘ಚಿನ್ನದ ಕರಡಿ’ ಗೆದ್ದ, ಫ್ರೆಂಚ್ ನಿರ್ದೇಶಕ ನಿಕೊಲಾ ಫಿಲಿಬೇರ್ ಅವರ ಚಿತ್ರವೂ ಇದೇ ಜಾಡಿನದು. ಪ್ಯಾರಿಸ್‌ನ ನದಿಯಲ್ಲಿ ತೇಲುವ ಒಂದು ಆರೈಕೆ ಕೇಂದ್ರ. ಅಲ್ಲಿ ರೋಗಿ ಯಾರು, ಸಿಬ್ಬಂದಿ ಯಾರು ಅಂತ ಥಟ್ಟನೆ ಗೊತ್ತಾಗಲ್ಲ.

ನಮ್ಮ ಕಡೆ ಮೊದಲು ಅಂತ್ರ, ಹರಕೆ, ಗುಡಿ, ದರ್ಗಾ. ಧಾರವಾಡ ಕೊನೆಗೆ. 2001ರ ಆಗಸ್ಟ್ 6ರಂದು ತಮಿಳುನಾಡಿನ ಏರ್ವಾಡಿಯಲ್ಲಿ, ದರ್ಗಾ ಹತ್ತಿರ ಮಾನಸಿಕ ರೋಗಿಗಳನ್ನು ಇಟ್ಟುಕೊಂಡಿದ್ದ ಒಂದು ಜಾಗಕ್ಕೆ ಬೆಂಕಿ ಬಿದ್ದು 28 ಮಂದಿ ಸತ್ತರು. ಸರಪಳಿ ಕಟ್ಟಿದ್ದರಿಂದ ಓಡೋಕೆ ಆಗಲಿಲ್ಲ. ಆಗ ಇಡೀ ದೇಶ ತಿರುಗಿ ನೋಡಿತು. 2017ರ ಮಾನಸಿಕ ಆರೋಗ್ಯ ಕಾಯ್ದೆ ಸರಪಳಿಯನ್ನು ನಿಷೇಧಿಸಿತು. ಅದರ 24ನೇ ಕಲಂ ಪ್ರಕಾರ, ಆಸ್ಪತ್ರೆಯಲ್ಲಿ ಚಿಕಿತ್ಸೆ ಪಡೆಯುತ್ತಿರುವವರ ಫೋಟೊವನ್ನು ಅವರ ಒಪ್ಪಿಗೆ ಇಲ್ಲದೆ ಮಾಧ್ಯಮಕ್ಕೆ ಕೊಡುವಂತಿಲ್ಲ.

ಕಲಂ ಹೇಳೋದು ಆಸ್ಪತ್ರೆಯಲ್ಲಿರುವವರ ಬಗ್ಗೆ. ಬಸ್‌ಸ್ಟ್ಯಾಂಡಿನಲ್ಲಿ ಒಬ್ಬಳೇ ಮಾತಾಡುತ್ತಾ ಕೂತ ಹೆಂಗಸಿನ ವಿಡಿಯೊ ನಮ್ಮ ಓಣಿಯ ವಾಟ್ಸಾಪ್ ಗ್ರೂಪಿಗೆ ಬಂದಾಗ, ಕೆಳಗೆ ನಾಲ್ಕೈದು ನಗುವ ಮುಖಗಳಿದ್ದವು. ಒಬ್ಬರು ಬರೆದಿದ್ದರು: ‘ಧಾರವಾಡ ಬಸ್ ಹತ್ತಸ್ರಿ.’