ಸಿನಿಮಾಗೆ ಇನ್‌ಸ್ಟಾಲ್ ಯಾಕೆ ಬೇಕು?

"ನಾನು ಯಾರಿಗೂ ಓಟಿಪಿ ಹೇಳಿಲ್ಲ ಸಾರ್." ಖಾತೆ ಖಾಲಿಯಾಗಿ, ಮೊಬೈಲ್ ಹಿಡಿದು ನನ್ನ ಹತ್ತಿರ ಬರುವವರ ಮೊದಲ ಮಾತೇ ಇದು. ಅವರು ಹೇಳುವುದು ನಿಜ. ಯಾರಿಗೂ ಹೇಳಿರುವುದಿಲ್ಲ.

ಈಚೆಗೆ ಬಂದ ನಿವೃತ್ತ ಮೇಷ್ಟ್ರೊಬ್ಬರಿಗೆ 'ವೀರ್-ಝಾರಾ' ಅಂದರೆ ಪ್ರಾಣ. 2004ರ ಯಶ್ ಚೋಪ್ರಾ ಸಿನಿಮಾ. ನಮ್ಮ ವಾಯುಪಡೆಯ ಪೈಲಟ್ ಪಾಕಿಸ್ತಾನದ ಹುಡುಗಿಯನ್ನು ಪ್ರೀತಿಸಿ, ಅಲ್ಲಿನ ಜೈಲಿನಲ್ಲಿ 22 ವರ್ಷ ಕಳೆಯುತ್ತಾನೆ. ಹಾಡುಗಳೆಲ್ಲ 1975ರಲ್ಲೇ ತೀರಿಕೊಂಡ ಮದನ್ ಮೋಹನ್ ಬಿಟ್ಟುಹೋದ ಟ್ಯೂನ್‌ಗಳು ಅಂತ, ಅಷ್ಟು ಬೇಸರದಲ್ಲೂ ಮೇಷ್ಟ್ರು ನನಗೆ ವಿವರಿಸಿದರು. ಮನೆಯವರ ಜೊತೆ ಇನ್ನೊಮ್ಮೆ ನೋಡೋಣ ಅಂತ 'ಫ್ರೀ ಡೌನ್‌ಲೋಡ್' ಹುಡುಕಿದ್ದರು.

ಡೌನ್‌ಲೋಡ್ಸ್ ಫೋಲ್ಡರ್ ತೆರೆದೆ. ಸಿನಿಮಾದ ಹೆಸರು, ಮುಂದೆ 'ಫುಲ್ ಮೂವಿ ಎಚ್‌ಡಿ', ಕೊನೆಯಲ್ಲಿ ಡಾಟ್ ಎಪಿಕೆ. ಸೈಜ್ ಬರೀ 9 ಎಂಬಿ. ಮೂರು ಗಂಟೆಗೂ ಜಾಸ್ತಿ ಇರುವ ಸಿನಿಮಾ 9 ಎಂಬಿಯಲ್ಲಿ ಹಿಡಿಯುತ್ತಾ?

ಎಷ್ಟು ಸಲ ಹೇಳಿದರೂ ಜನರ ತಲೆಗೆ ಹೋಗದ ವಿಷಯ ಇದೇ. ವಿಡಿಯೋ ಫೈಲನ್ನು ಪ್ಲೇ ಮಾಡುತ್ತೇವೆ, ಇನ್‌ಸ್ಟಾಲ್ ಮಾಡುವುದಿಲ್ಲ. ಅದರ ಹೆಸರು ಎಂಪಿ4, ಎಂಕೆವಿ ಅಂತೆಲ್ಲ ಮುಗಿಯುತ್ತದೆ. ಎಪಿಕೆ ಅಂದರೆ ಆಪ್. ಕಂಪ್ಯೂಟರ್‌ನಲ್ಲಾದರೆ ಇಎಕ್ಸ್ಇ. ವಿಂಡೋಸ್ ಈ ಕೊನೆಯ ಅಕ್ಷರಗಳನ್ನು ಸಾಮಾನ್ಯವಾಗಿ ಮರೆಮಾಡಿರುತ್ತದೆ, ಸೆಟ್ಟಿಂಗ್ಸ್‌ನಲ್ಲಿ ಕಾಣುವ ಹಾಗೆ ಮಾಡಿಕೊಳ್ಳಿ. ಸಿನಿಮಾ ನಿಮ್ಮ ಎಸ್‌ಎಂಎಸ್ ಓದಲು ಪರ್ಮಿಷನ್ ಕೇಳುವುದಿಲ್ಲ. ಸ್ಕ್ರೀನ್ ಮೇಲಿನದನ್ನು ಓದಿ ನಿಮ್ಮ ಬದಲು ಬಟನ್ ಒತ್ತಲು ಆಪ್‌ಗೆ ಬಿಡುವ 'ಆಕ್ಸೆಸಿಬಿಲಿಟಿ' ಸೆಟ್ಟಿಂಗ್ ಆನ್ ಮಾಡಿ ಅನ್ನುವುದಿಲ್ಲ. ಮೇಷ್ಟ್ರ ಫೋನಿನಲ್ಲಿ ಎರಡಕ್ಕೂ 'ಅಲೋ' ಒತ್ತಲಾಗಿತ್ತು. ಆಮೇಲೆ ಓಟಿಪಿಯನ್ನು ಯಾರೂ ಕೇಳಬೇಕಿಲ್ಲ, ಅಲ್ವಾ? ಬ್ಯಾಂಕಿನ ಮೆಸೇಜನ್ನು ಆ ಆಪೇ ಓದಿ ಕಳಿಸುತ್ತದೆ.

ಕದ್ದ ಫೈಲ್‌ಗಳೆಲ್ಲ ಹೀಗೇ ಇರುತ್ತವೆ ಎನ್ನಲಾರೆ. ನಿಜವಾದ ವಿಡಿಯೋ ಫೈಲಿನಲ್ಲೂ ಅಪಾಯ ಇರಬಹುದು, ಅದು ಅಪರೂಪ. ಕಾನೂನಿನ ವಿಷಯಕ್ಕೆ ಬಂದರೆ, 2023ರ ಸಿನಿಮಾಟೋಗ್ರಾಫ್ ತಿದ್ದುಪಡಿಯಲ್ಲಿ ಸಿನಿಮಾ ಕದ್ದು ರೆಕಾರ್ಡ್ ಮಾಡಿ ಹಂಚುವವರಿಗೆ 3 ತಿಂಗಳಿಂದ 3 ವರ್ಷ ಜೈಲು ಇದೆ. ಬರೀ ನೋಡಿದವರ ಕತೆ ಏನು ಅಂತ ವಕೀಲರನ್ನೇ ಕೇಳಿ.

"ಫೈಲ್ ಡಿಲೀಟ್ ಮಾಡಿದೀನಲ್ಲ" ಎಂದರು ಮೇಷ್ಟ್ರು. ಇದನ್ನು ಕೇಳಿದರೆ ನನಗೆ ಸಿಟ್ಟೂ ಬರುತ್ತದೆ, ಪಾಪ ಅನ್ನಿಸುತ್ತದೆ. ಡಿಲೀಟ್ ಆಗಿದ್ದು ಫೈಲ್ ಮಾತ್ರ, ಆಪ್ ಒಳಗೇ ಕೂತಿರುತ್ತದೆ. ಎಷ್ಟೋ ಸಲ ಅದರ ಐಕಾನ್ ಕೂಡ ಕಾಣುವುದಿಲ್ಲ.

ಹೀಗಾಗಿದ್ದರೆ ಮೊದಲು ವೈಫೈ, ಡೇಟಾ ಎರಡೂ ಆಫ್ ಮಾಡಿ, ಸಿಮ್ ತೆಗೆಯಿರಿ. ಬೇರೆ ಫೋನಿನಿಂದ ಬ್ಯಾಂಕಿಗೂ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೂ ಕರೆ ಮಾಡಿ. ತಡಮಾಡಿದಷ್ಟೂ ದುಡ್ಡು ತಡೆಹಿಡಿಯುವುದು ಕಷ್ಟ. ಪಾಸ್‌ವರ್ಡ್‌ಗಳನ್ನೂ ಆ ಬೇರೆ ಫೋನಿನಿಂದಲೇ ಬದಲಾಯಿಸಿ. ನಿಮ್ಮ ಫೋನನ್ನು ಫ್ಯಾಕ್ಟರಿ ರಿಸೆಟ್ ಮಾಡುವುದು ದೂರು ಕೊಟ್ಟ ಮೇಲೆ. ಆ ಎಪಿಕೆ, ಮೆಸೇಜ್‌ಗಳು ಪೊಲೀಸರಿಗೆ ಬೇಕಾಗಬಹುದು.