ಗ್ರಾಫಿಕ್ಸ್ ಮೇಜಿನಿಂದ ಆ್ಯಕ್ಷನ್ ಕಟ್‌ವರೆಗೆ

ವಿಎಫ್‌ಎಕ್ಸ್ (ವಿಶುವಲ್ ಎಫೆಕ್ಟ್ಸ್, ಅಂದರೆ ತೆರೆಯ ಮೇಲಿನ ದೃಶ್ಯ ಚಮತ್ಕಾರ) ಕಲಾವಿದರೊಬ್ಬರು ನಿರ್ದೇಶನಕ್ಕೆ ಇಳಿದಾಗಲೆಲ್ಲ ಅದೇ ಪ್ರಶ್ನೆ ಏಳುತ್ತದೆ. ಗ್ರಾಫಿಕ್ಸ್ ಗೊತ್ತು ಸರಿ, ಕಥೆ ಹೇಳೋಕೆ ಬರುತ್ತಾ?

ಸಿನಿಮಾದ ಆರಂಭದ ದಿನಗಳಲ್ಲಿ ಈ ಅನುಮಾನಕ್ಕೆ ಜಾಗವೇ ಇರಲಿಲ್ಲ. ಫ್ರಾನ್ಸಿನ ಜಾರ್ಜ್ ಮೆಲಿಯೆಸ್ ಮೂಲತಃ ಜಾದೂಗಾರ. ಕ್ಯಾಮೆರಾ ಚಮತ್ಕಾರವೂ ಅವರದೇ, ನಿರ್ದೇಶನವೂ ಅವರದೇ. ನಮ್ಮ ದಾದಾಸಾಹೇಬ್ ಫಾಲ್ಕೆ ಕೂಡ ಹಾಗೆಯೇ. ಕಪ್ಪು ದಾರ ಕಟ್ಟಿ ವಸ್ತುಗಳನ್ನು ತಾವಾಗಿಯೇ ಚಲಿಸುವಂತೆ ತೋರಿಸಿ ಹೆಸರಾದ ಬಾಬುಭಾಯಿ ಮಿಸ್ತ್ರಿ, 1961ರಲ್ಲಿ ‘ಸಂಪೂರ್ಣ ರಾಮಾಯಣ’ ನಿರ್ದೇಶಿಸಿದರು.

ಸಿನಿಮಾ ದೊಡ್ಡದಾದಂತೆ ಕೆಲಸ ಹಂಚಿಹೋಯಿತು. ‘2001: ಎ ಸ್ಪೇಸ್ ಒಡಿಸ್ಸಿ’ಯ ವಿಶುವಲ್ ಎಫೆಕ್ಟ್ಸ್ ಆಸ್ಕರ್ ನಿರ್ದೇಶಕ ಸ್ಟ್ಯಾನ್ಲಿ ಕುಬ್ರಿಕ್ ಒಬ್ಬರಿಗೇ ಸಂದಿತು. ಅದರಲ್ಲಿ ದುಡಿದಿದ್ದ ಡಗ್ಲಾಸ್ ಟ್ರಂಬುಲ್ 1972ರಲ್ಲಿ ತಾವೇ ನಿರ್ದೇಶಕರಾದರು. ಮುಂದೆ ಇದೇ ಹಾದಿಯಲ್ಲಿ ಜೇಮ್ಸ್ ಕ್ಯಾಮೆರಾನ್, ಜೋ ಜಾನ್ಸ್ಟನ್ ಬಂದರು. ದಾರಿ ಇತ್ತು, ಆದರೆ ಕಿರಿದಾಗಿತ್ತು.

ಕಂಪ್ಯೂಟರ್ ಬಂದ ಮೇಲೆ ಗ್ರಾಫಿಕ್ಸ್ ಹೊರಗುತ್ತಿಗೆ ಕೆಲಸವಾಯಿತು. ಒಪ್ಪಿಕೊಂಡ ಮೊತ್ತ ಒಂದೇ, ಬದಲಾವಣೆ ಮಾತ್ರ ಬಿಡುಗಡೆ ಹತ್ತಿರ ಬಂದರೂ ಮುಗಿಯುವುದಿಲ್ಲ. 2013ರಲ್ಲಿ ‘ಲೈಫ್ ಆಫ್ ಪೈ’ ವಿಎಫ್‌ಎಕ್ಸ್‌ಗೆ ಆಸ್ಕರ್ ಬಂತು. ಆ ಚಿತ್ರದ ಹುಲಿಯನ್ನು ಸೃಷ್ಟಿಸಿದ ರಿದಮ್ ಆ್ಯಂಡ್ ಹ್ಯೂಸ್ ಕಂಪನಿ ಅದಕ್ಕೆ ಕೆಲವೇ ದಿನ ಮುಂಚೆ ದಿವಾಳಿ ಅರ್ಜಿ ಹಾಕಿತ್ತು. ಸಮಾರಂಭದ ಹೊರಗೆ ಕಲಾವಿದರು ಪ್ರತಿಭಟಿಸುತ್ತಿದ್ದರು.

ಅದೇ ಕಂಪ್ಯೂಟರ್ ಇನ್ನೊಂದು ಬಾಗಿಲನ್ನೂ ತೆರೆದಿತ್ತು. ಅನಿಮೇಟರ್ ಆಗಿದ್ದ ನೀಲ್ ಬ್ಲೊಮ್‌ಕ್ಯಾಂಪ್ ಅವರ ‘ಡಿಸ್ಟ್ರಿಕ್ಟ್ 9’ (2009) ಅತ್ಯುತ್ತಮ ಚಿತ್ರ ಸೇರಿ ನಾಲ್ಕು ಆಸ್ಕರ್ ನಾಮನಿರ್ದೇಶನ ಪಡೆಯಿತು. ಗ್ಯಾರೆತ್ ಎಡ್ವರ್ಡ್ಸ್ ಪುಟ್ಟ ತಂಡದೊಂದಿಗೆ ಊರೂರು ಸುತ್ತಿ ‘ಮಾನ್‌ಸ್ಟರ್ಸ್’ (2010) ಚಿತ್ರೀಕರಿಸಿದರು. ಗ್ರಾಫಿಕ್ಸ್ ಅನ್ನು ಮನೆಯಲ್ಲೇ ಕೂತು ತಾವೇ ಮಾಡಿದರು. ಅವರದೇ ‘ದಿ ಕ್ರಿಯೇಟರ್’ನಲ್ಲಿ (2023) ಬಹುಪಾಲು ನಿಜವಾದ ಜಾಗಗಳಲ್ಲೇ ಶೂಟಿಂಗ್. ಗ್ರೀನ್ ಮ್ಯಾಟ್ (ಹಿನ್ನೆಲೆಯನ್ನು ಆಮೇಲೆ ಸೇರಿಸಲು ಹಾಕುವ ಹಸಿರು ಪರದೆ) ಬಳಸಿದ್ದು ಕಡಿಮೆ. ಎಡಿಟಿಂಗ್ ಆದ ಮೇಲೆ, ಉಳಿದ ಶಾಟ್‌ಗಳ ಮೇಲಷ್ಟೇ ಭವಿಷ್ಯದ ಕಟ್ಟಡ, ರೋಬೋಗಳನ್ನು ಬಿಡಿಸಿದರು. ಕಥೆ ಎಲ್ಲರಿಗೂ ಹಿಡಿಸಲಿಲ್ಲ, ನಿಜ. ಆದರೆ ಯಾವ ಶಾಟ್‌ಗೆ ಎಷ್ಟು ದುಡಿಮೆ ಬೇಕು ಅಂತ ಗೊತ್ತಿದ್ದವರಿಗೆ ಮಾತ್ರ ಹೊಳೆಯುವ ಕ್ರಮವಿದು.

ಜಪಾನಿನ ತಕಾಶಿ ಯಮಜಾಕಿ ಇನ್ನೂ ಹಳಬರು. ಶಿರೊಗುಮಿ ಸ್ಟುಡಿಯೊದಲ್ಲಿ ಎಫೆಕ್ಟ್ಸ್ ಕೆಲಸ ಕಲಿತು 2000ದಲ್ಲಿ ನಿರ್ದೇಶಕರಾದರು. ‘ಗಾಡ್ಜಿಲ್ಲಾ ಮೈನಸ್ ಒನ್’ (2023) ಚಿತ್ರದ ಬರವಣಿಗೆ, ನಿರ್ದೇಶನ, ವಿಎಫ್‌ಎಕ್ಸ್ ಉಸ್ತುವಾರಿ ಮೂರೂ ಅವರದೇ. 610 ಶಾಟ್, ಸುಮಾರು 35 ಜನರ ತಂಡ. 2024ರಲ್ಲಿ ವಿಶುವಲ್ ಎಫೆಕ್ಟ್ಸ್ ಆಸ್ಕರ್ ಬಂತು. ಕುಬ್ರಿಕ್ ನಂತರ ತಮ್ಮದೇ ಚಿತ್ರಕ್ಕೆ ಈ ವಿಭಾಗದಲ್ಲಿ ಗೆದ್ದ ಮೊದಲ ನಿರ್ದೇಶಕರು ಇವರೇ.

ತಂಡದ ಯುವಕನೊಬ್ಬನಿಗೆ ಕಂಪ್ಯೂಟರಿನಲ್ಲಿ ನೀರು ಸೃಷ್ಟಿಸುವ ಗೀಳು. ಅವನ ಕೆಲಸ ನೋಡಿ ಯಮಜಾಕಿ ಸಮುದ್ರದ ದೃಶ್ಯಗಳನ್ನು ಜಾಸ್ತಿ ಮಾಡಿದರು. ನಿರ್ದೇಶಕ ಕಲಾವಿದರ ಪಕ್ಕದಲ್ಲೇ ಕೂತಿದ್ದರೆ ತೀರ್ಮಾನ ಅಲ್ಲೇ ಆಗುತ್ತದೆ, ಯಾರ ತಿಂಗಳುಗಟ್ಟಲೆ ದುಡಿಮೆಯೂ ಸುಮ್ನೆ ಕಸದ ಬುಟ್ಟಿ ಸೇರುವುದಿಲ್ಲ. ಒಂದೇ ಚಿತ್ರದ ಕೆಲಸವನ್ನು ಬೇರೆ ಬೇರೆ ದೇಶಗಳ ಕಂಪನಿಗಳಿಗೆ ಹಂಚುವ ಕಡೆ ಇಂಥ ಮಾತುಕತೆ ನಡೆಯುವುದು ಬಹಳ ಕಷ್ಟ.